ಅಂಗಡಿ ಬಿಡಿ ಅಂತ ಕಾಗದ ಬಂದಾಗ



ನಮ್ಮ ಕಲಿಕಾ ಕೇಂದ್ರಕ್ಕೆ ಬರುವ ಒಬ್ಬ ಅಕ್ಕ ಕುಣಿಗಲ್ ಬಸ್ ನಿಲ್ದಾಣದ ಹತ್ತಿರ ಹೊಲಿಗೆ ಅಂಗಡಿ ಇಟ್ಟಿದ್ದರು. ಎರಡು ಮಿಷನ್ನು, ಒಂದು ಇಸ್ತ್ರಿ ಪೆಟ್ಟಿಗೆ. ತಿಂಗಳಿಗೆ 2,500 ರೂಪಾಯಿ ಬಾಡಿಗೆ. ಸಂಘದಲ್ಲಿ ಸಾಲ ತೆಗೆದು 30,000 ರೂಪಾಯಿ ಮುಂಗಡ ಕೊಟ್ಟಿದ್ದರು.

ಒಂದು ದಿನ ಅಂಚೆಯಣ್ಣ ಸ್ಪೀಡ್ ಪೋಸ್ಟಿನ ಲಕೋಟೆ ತಂದ. "ಕೋರ್ಟಿನ ಕಾಗದ ಇದ್ದಂಗದೆ, ಇಸ್ಕೋಬ್ಯಾಡ" ಅಂದರು ಅಕ್ಕನ ಯಜಮಾನರು. ಅಕ್ಕ ಸಹಿ ಮಾಡಿ ಇಸ್ಕೊಂಡರು. ಒಳ್ಳೆಯದೇ ಆಯಿತು. ಬೇಡ ಅಂತ ವಾಪಸ್ ಕಳಿಸಿದರೂ ನೋಟೀಸು ತಲುಪಿದೆ ಅಂತಲೇ ಕೋರ್ಟು ಸಾಮಾನ್ಯವಾಗಿ ಲೆಕ್ಕ ಹಿಡಿಯುತ್ತದೆ. ಒಳಗೆ ಏನಿದೆ ಅಂತ ಮಾತ್ರ ನಮಗೆ ತಿಳಿಯುವುದಿಲ್ಲ.

ಅವತ್ತು ಸಂಜೆ ನಾವು ಪಾಠ ಬಿಟ್ಟು ಆ ಕಾಗದವನ್ನೇ ಓದಿದೆವು. ಅಕ್ಕ ಬೆರಳಿಟ್ಟು ಓದಿದರು. "ಹದಿನೈದು ದಿನದೊಳಗೆ ಮಳಿಗೆ ಖಾಲಿ ಮಾಡಿ" ಅಂತಿತ್ತು. ಮೇಲೆ ಬರೆದ ತಾರೀಕು 1. ಕೈಗೆ ಸಿಕ್ಕಿದ್ದು 6ನೇ ತಾರೀಕು.

ಯಾವುದರಿಂದ ಎಣಿಸಬೇಕು? ಸ್ವತ್ತು ವರ್ಗಾವಣೆ ಕಾಯ್ದೆ ಅಂತ 1882ರ ಒಂದು ಕಾನೂನಿದೆ. ಅದರ 106ನೇ ಕಲಂ ಹೀಗೆ ಹೇಳುತ್ತದೆ. ತಿಂಗಳ ಬಾಡಿಗೆಯ ಅಂಗಡಿ ಬಿಡಿಸಲು 15 ದಿನದ ನೋಟೀಸು ಕೊಡಬೇಕು. ಅದು ಬರವಣಿಗೆಯಲ್ಲಿರಬೇಕು, ಸಹಿ ಇರಬೇಕು. ದಿನ ಎಣಿಸುವುದು ನೋಟೀಸು ಕೈಗೆ ಸಿಕ್ಕ ದಿನದಿಂದ. ಬಾಯಲ್ಲಿ "ಬಿಟ್ಟುಬಿಡಿ" ಅಂದರೆ ಅದು ನೋಟೀಸಲ್ಲ.

ಕರಾರು ಪತ್ರದಲ್ಲಿ ಎರಡು ತಿಂಗಳು, ಮೂರು ತಿಂಗಳು ಅಂತ ಬರೆದಿದ್ದರೆ ಅದೇ ನಡೆಯುತ್ತದೆ. ಅಕ್ಕನ ಕರಾರು 11 ತಿಂಗಳದ್ದು. ಒಂದು ವರ್ಷ ದಾಟಿದರೆ ನೋಂದಣಿ ಮಾಡಿಸಬೇಕು, ಖರ್ಚು ಬರುತ್ತದೆ, ಅದಕ್ಕೇ ಎಲ್ಲರೂ 11 ತಿಂಗಳು ಬರೆಸುತ್ತಾರೆ. ಕರಾರಿನ ಅವಧಿ ಮುಗಿದ ಕೂಡಲೇ ನೋಟೀಸು ಇಲ್ಲದೆಯೂ ಬಿಡಿ ಅನ್ನಬಹುದು. ಆದರೆ ಅಕ್ಕನ ಕರಾರು ಮುಗಿದು ಮೂರು ವರ್ಷ ಆಗಿತ್ತು. ಮಾಲೀಕರು ತಿಂಗಳು ತಿಂಗಳು ಬಾಡಿಗೆ ತಗೊಳ್ಳುತ್ತಲೇ ಇದ್ದರು. ಹಾಗಾಗಿ ಅದು ತಿಂಗಳ ಬಾಡಿಗೆಯೇ ಆಯಿತು.

16ನೇ ತಾರೀಕು ಮಾಲೀಕರು ಬೀಗ ಹಿಡಿದು ಬಂದರು.

"ಹದಿನೈದ್ ದಿನ ಆಯ್ತಲ್ಲಮ್ಮ."

"ಕಾಗ್ದ ಬಂದಿದ್ದು ಆರ್ನೇ ತಾರೀಕು ಕಣಣ್ಣ. ಆರೂ ಹದಿನೈದೂ ಇಪ್ಪತ್ತೊಂದು. ಆಮೇಲೂ ನೀವು ಬೀಗ ಹಾಕೋ ಹಂಗಿಲ್ಲ, ಕೋರ್ಟು ಹೇಳ್ಬೇಕು."

ಅಕ್ಕ ಹೇಳಿದ್ದು ಸರಿ. ದಿನ ಮುಗಿದರೂ ಮಾಲೀಕರು ಕೋರ್ಟಿಗೆ ಹೋಗಿ ಆದೇಶ ತರಬೇಕು. ತಾವೇ ಸಾಮಾನು ಎತ್ತಿ ಹೊರಗೆ ಹಾಕುವಂತಿಲ್ಲ. ಬಲವಂತವಾಗಿ ಬಿಡಿಸಿದರೆ ಆರು ತಿಂಗಳೊಳಗೆ ದಾವೆ ಹಾಕಿ ಜಾಗ ವಾಪಸ್ ಕೇಳಬಹುದು. 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯಲ್ಲಿ ಇದಕ್ಕೆ ಅವಕಾಶ ಇದೆ. ಗಲಾಟೆಯಾದರೆ 112ಕ್ಕೆ ಫೋನು ಮಾಡಿ.

ಒಂದು ಮಾತು. ದಿನ ಕಡಿಮೆ ಇದೆ ಅಂತ ಹಿಡಿದುಕೊಂಡು ಅಂಗಡಿ ಉಳಿದೀತು ಅಂತ ನಂಬಬೇಡಿ. ಆ ದಿನಗಳು ಕಳೆದ ಮೇಲೆ ದಾವೆ ಹಾಕಿದರೆ ನೋಟೀಸು ಕೆಡುವುದಿಲ್ಲ. ನೋಟೀಸಿನಿಂದ ಸಿಗುವುದು ಸಮಯ. ಹಬ್ಬಕ್ಕೆ ಮುಂಚೆ ಆ ಸಮಯಕ್ಕೂ ಬೆಲೆ ಇದೆ ಅಂತ ಹೊಲಿಯುವವರಿಗೆ ಗೊತ್ತು.

ಅಕ್ಕ ಕುಣಿಗಲ್ ಕೋರ್ಟಿನಲ್ಲಿರುವ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋದರು. ಹೆಂಗಸರಿಗೆ ಅಲ್ಲಿ ವಕೀಲರ ನೆರವು ಉಚಿತ. ವರಮಾನ ಎಷ್ಟು ಅಂತ ಕೇಳುವ ಹಾಗಿಲ್ಲ. 15100ಕ್ಕೆ ಫೋನು ಮಾಡಿಯೂ ಕೇಳಬಹುದು. ವಕೀಲರು ಮೊದಲು ಕೇಳಿದ್ದು ಬಾಡಿಗೆ ರಸೀದಿ. ಅಕ್ಕನ ಹತ್ತಿರ ಒಂದೂ ಇರಲಿಲ್ಲ! ಪುಣ್ಯಕ್ಕೆ ಒಂದು ವರ್ಷದಿಂದ ಫೋನಿನಲ್ಲಿ ದುಡ್ಡು ಕಳಿಸುತ್ತಿದ್ದರು, ಅದರ ಲೆಕ್ಕ ಬ್ಯಾಂಕಿನಲ್ಲಿತ್ತು.

ಕೊನೆಗೆ ಮಾತುಕತೆ ಆಯಿತು. ಮೂರು ತಿಂಗಳು ಸಮಯ ಸಿಕ್ಕಿತು. ಮುಂಗಡ ಪೂರ್ತಿ ವಾಪಸ್ ಬಂತು. ಅಕ್ಕ ಅಂಗಡಿ ಬಿಟ್ಟರು. ಮಿಷನ್ನು ಈಗ ಬೇರೆ ಬೀದಿಯಲ್ಲಿದೆ.

ಎಲ್ಲ ಅಂಗಡಿಗೂ ಒಂದೇ ಕಾನೂನಲ್ಲ. 14 ಚದರ ಮೀಟರ್, ಅಂದರೆ ಸುಮಾರು ಹತ್ತಡಿಗೆ ಹದಿನೈದಡಿ, ಅದಕ್ಕಿಂತ ದೊಡ್ಡದಲ್ಲದ ಅಂಗಡಿಗೆ 1999ರ ಕರ್ನಾಟಕ ಬಾಡಿಗೆ ಕಾಯ್ದೆಯ ರಕ್ಷಣೆ ಸಿಗಬಹುದು. ಆದರೆ ಅದಕ್ಕೆ ಊರಿನ ಪಟ್ಟಿ, ಬಾಡಿಗೆಯ ಮಿತಿ ಎರಡೂ ಇವೆ. ವಕೀಲರ ಹತ್ತಿರ ಹೋಗುವಾಗ ಟೇಪು ಹಿಡಿದು ಅಳತೆ ಬರೆದುಕೊಂಡು ಹೋಗಿ. ಪುರಸಭೆ ಮಳಿಗೆಗೆ 1974ರ ಬೇರೆ ಕಾಯ್ದೆ ಇದೆ. ಬೀದಿ ಬದಿ ವ್ಯಾಪಾರದ ಪ್ರಮಾಣಪತ್ರ ಇರುವವರನ್ನು ಎಬ್ಬಿಸಲು 2014ರ ಕಾಯ್ದೆಯಂತೆ 30 ದಿನದ ನೋಟೀಸು ಬೇಕು.

ಈ ರಸೀದಿಯನ್ನು ನಿಮ್ಮ ಪುಸ್ತಕದಲ್ಲಿ ನೋಡಿ ಬರೆಯಿರಿ. ಮುಂದಿನ ತಿಂಗಳ ಬಾಡಿಗೆ ಕೊಡುವಾಗ ಮಾಲೀಕರ ಸಹಿ ಹಾಕಿಸಿಕೊಳ್ಳಿ.

ತಾರೀಕು: ............
............ ತಿಂಗಳ ಅಂಗಡಿ ಬಾಡಿಗೆ ರೂ. ............ ಅನ್ನು
ಶ್ರೀಮತಿ ........................ ಅವರಿಂದ ಪಡೆದಿದ್ದೇನೆ.
ಮಾಲೀಕರ ಸಹಿ: ........................