ಹೀಬ್ರೂ ಭಾಷೆಯೂ ಮಂಗಳೂರಿನ ಬೊಮ್ಮನೂ

ಈ ಸಲದ ಪಾಠಕ್ಕೆ ಹೀಬ್ರೂ ಭಾಷೆಯ ವಿಷಯ ಬರೆಯಬೇಕೆಂದು ನನಗೆ ಅಪ್ಪಣೆಯಾಗಿದೆ. ನಾನು ಪಂಡಿತನಲ್ಲ, ಮೆಟ್ರಿಕ್ ತನಕ ಓದಿ, ಗಿರಣಿಯಲ್ಲಿ ಲೆಕ್ಕ ಬರೆಯುವವನು. ಪುಸ್ತಕಗಳಿಂದ ತಿಳಿದುಕೊಂಡಷ್ಟನ್ನು ನನ್ನಂಥವರಿಗೆ ಅರ್ಥವಾಗುವ ಹಾಗೆ ಹೇಳುತ್ತೇನೆ.

"ಎಲ್ಲಿಯ ಹೀಬ್ರೂ, ಎಲ್ಲಿಯ ನಾವು?" ಎಂದು ಕೆಲವರು ಕೇಳಬಹುದು. ಸಂಬಂಧ ಎರಡುಂಟು. ಒಂದು, ಹೊಟ್ಟೆಪಾಡಿಗೆ ಬಂದು ನಾವು ನೆಲೆಸಿರುವ ಈ ಚೆನ್ನೈಯಲ್ಲಿ. ಇನ್ನೊಂದು, ನಮ್ಮ ಮಂಗಳೂರಿನಲ್ಲಿ.

ಈ ಊರಿನ ಗುರುತು

ಜಾರ್ಜ್‌ಟೌನಿನ ಕಡೆ ಕೆಲಸ ಮಾಡುವವರು ಕೋರಲ್ ಮರ್ಚೆಂಟ್ ಬೀದಿಯನ್ನು ಬಲ್ಲರು. ಕೋರಲ್ ಎಂದರೆ ಹವಳ. ಹದಿನೇಳನೆಯ ಶತಮಾನದಲ್ಲಿ ಯೆಹೂದ್ಯ ವರ್ತಕರು ಹಡಗುಗಳಲ್ಲಿ ಹವಳ ತರಿಸಿ ಮಾರಿ, ಗೋಲ್ಕೊಂಡದ ವಜ್ರಗಳನ್ನು ಕೊಂಡು ಯೂರೋಪಿಗೆ ಕಳುಹಿಸುತ್ತಿದ್ದರು. 1688ರಲ್ಲಿ ಮದರಾಸಿನ ನಗರಸಭೆ ಸ್ಥಾಪಿತವಾದಾಗ ಅದರ ಸದಸ್ಯರಲ್ಲಿ ಯೆಹೂದ್ಯ ವರ್ತಕರೂ ಇದ್ದರು. ಆ ಸಮಾಜ ಕರಗಿಹೋಯಿತು. ಮಿಂಟ್ ಬೀದಿಯಲ್ಲಿದ್ದ ಅವರ ಸ್ಮಶಾನವೂ ಹೋಯಿತು. ಉಳಿದ ಕೆಲವು ಕಲ್ಲುಗಳು ಲಾಯ್ಡ್ಸ್ ರಸ್ತೆಗೆ, ಅಂದರೆ ಈಗಿನ ಅವ್ವೈ ಷಣ್ಮುಗಂ ಸಾಲೈಗೆ ಬಂದು ಸೇರಿದವು. ಸ್ಮಶಾನಕ್ಕೆ ಹೀಬ್ರೂವಿನಲ್ಲಿ "ಬೇತ್ ಹಾಹಯೀಮ್" ಎಂಬ ಹೆಸರುಂಟು. ಅರ್ಥ, "ಜೀವಂತರ ಮನೆ". ಸತ್ತವರನ್ನು ಮರೆಯಲೊಲ್ಲದ ಜನ ಇಟ್ಟ ಹೆಸರು ಅದು.

ಅಕ್ಷರಗಳು

ಹೀಬ್ರೂ ವರ್ಣಮಾಲೆಯಲ್ಲಿ 22 ಅಕ್ಷರಗಳು. ಬರೆಯುವುದು ಬಲದಿಂದ ಎಡಕ್ಕೆ. ಎಲ್ಲವೂ ವ್ಯಂಜನಗಳೇ. ನಮ್ಮ ಕಾಗುಣಿತವನ್ನು ತೆಗೆದುಹಾಕಿ ಬರಿಯ ಕ, ತ, ಬ ಎಂದು ಬರೆದರೆ ಹೇಗೋ ಹಾಗೆ. ಕಟ್ಟು, ಕಾಟ, ಕೋಟೆ ಮೂರಕ್ಕೂ ಒಂದೇ "ಕಟ" ಎಂದು ಬರೆದು, ಸಂದರ್ಭ ನೋಡಿ ಓದಿಕೊಳ್ಳಿ ಎಂದರೆ ನಮಗೆ ಎಷ್ಟು ಕಷ್ಟ! ಸ್ವರಗಳನ್ನು ತಿಳಿಸಲು ಅಕ್ಷರಗಳ ಕೆಳಗೂ ಮೇಲೂ ಚುಕ್ಕೆ ಗೆರೆಗಳನ್ನಿಡುವ ಪದ್ಧತಿ ಕ್ರಿಸ್ತಶಕ ಏಳರಿಂದ ಹತ್ತನೆಯ ಶತಮಾನದೊಳಗೆ ಬೆಳೆಯಿತು. ಮಕ್ಕಳ ಪುಸ್ತಕ, ಪದ್ಯ, ಧರ್ಮಗ್ರಂಥಗಳಲ್ಲಿ ಅವು ಈಗಲೂ ಉಂಟು. ದಿನಪತ್ರಿಕೆಯಲ್ಲಿ ಸಾಮಾನ್ಯವಾಗಿ ಇರುವುದಿಲ್ಲ.

ಮೂರು ಅಕ್ಷರದ ಧಾತು

ಹೀಬ್ರೂ ಮಾತುಗಳು ಬಹುಮಟ್ಟಿಗೆ ಮೂರು ವ್ಯಂಜನಗಳ ಧಾತುವಿನಿಂದ ಹುಟ್ಟುತ್ತವೆ. ಕ-ತ-ಬ ಎಂಬುದು ಬರೆಯುವ ಧಾತು. ಇಲ್ಲಿಯ "ಬ" ಕೆಲವೆಡೆ "ವ" ಎಂದು ಉಚ್ಚಾರವಾಗುತ್ತದೆ. "ಕಾತವ್" ಎಂದರೆ ಬರೆದನು. "ಮಿಖ್ತಾವ್" ಎಂದರೆ ಕಾಗದ, ಪತ್ರ. "ಕೆತೂಬಾ" ಎಂದರೆ ಮದುವೆಯ ಕರಾರುಪತ್ರ. ಅರಬ್ಬಿ ಭಾಷೆ ಹೀಬ್ರೂವಿನ ದಾಯಾದಿ. ನಾವು ಬಲ್ಲ "ಕಿತಾಬು" ಇದೇ ಧಾತುವಿನದು.

ಇನ್ನೊಂದು ಧಾತು ಸ-ಫ-ರ. "ಸೇಫರ್" ಎಂದರೆ ಪುಸ್ತಕ, "ಸೋಫೇರ್" ಎಂದರೆ ಬರಹಗಾರ, "ಮಿಸ್ಪಾರ್" ಎಂದರೆ ಸಂಖ್ಯೆ, "ಸಿಫ್ರಿಯಾ" ಎಂದರೆ ಪುಸ್ತಕಾಲಯ. ಎಣಿಸುವುದೂ ಕಥೆ ಹೇಳುವುದೂ ಒಂದೇ ಧಾತುವಿನಿಂದ ಬಂದಿವೆ! ದಿನವಿಡೀ ಅಂಕಿ ಕೂಡಿಸಿ ಸಂಜೆ ಇಲ್ಲಿ ಬಂದು ಕಾದಂಬರಿ ಹಿಡಿಯುವ ನಮಗೆ ಈ ಧಾತು ಚೆನ್ನಾಗಿ ಒಪ್ಪುತ್ತದೆ.

ಬೈಬಲಿನ ಹಳೆಯ ಭಾಗದಲ್ಲಿ ಸೊಲೊಮೋನ ರಾಜನ ಹಡಗುಗಳು ತಂದ ವಸ್ತುಗಳಲ್ಲಿ "ತುಕ್ಕಿಯೀಮ್" ಎಂಬುದೊಂದಿದೆ. ಅದನ್ನು ನವಿಲು ಎಂದು ಅರ್ಥ ಮಾಡುತ್ತಾರೆ. ತಮಿಳಿನ "ತೋಕೈ", ಅಂದರೆ ನವಿಲುಗರಿ, ಇದರ ಮೂಲವೆಂದು ಹಲವು ವಿದ್ವಾಂಸರ ಊಹೆ.

ಸಾಹಿತ್ಯ

ಹೀಬ್ರೂ ಸಾಹಿತ್ಯದ ಬುನಾದಿ ಆ ಹಳೆಯ ಧರ್ಮಗ್ರಂಥಗಳೇ. ಕ್ರಿಸ್ತಶಕ 70ರಲ್ಲಿ ರೋಮನರು ಜೆರೂಸಲೇಮಿನ ದೇವಾಲಯವನ್ನು ಕೆಡವಿದರು. ಸುಮಾರು 200ರ ಹೊತ್ತಿಗೆ "ಮಿಷ್ನಾ" ಎಂಬ ಧರ್ಮಶಾಸ್ತ್ರ ಸಂಗ್ರಹವಾಯಿತು; ಅದರ ಮೇಲಿನ ಚರ್ಚೆಗಳೆಲ್ಲ ಸೇರಿ "ತಾಲ್ಮುದ್" ಆಯಿತು. ಹನ್ನೆರಡನೆಯ ಶತಮಾನದಲ್ಲಿ ಸ್ಪೇನಿನ ಯೆಹೂದ ಹಲೇವಿ ಶ್ರೇಷ್ಠ ಕವಿ. ಅದೇ ಶತಮಾನದ ತತ್ತ್ವಜ್ಞಾನಿ ಮೈಮೊನಿಡೀಸ್ ಈಜಿಪ್ಟಿನಲ್ಲಿದ್ದ. ಇವನ ತಮ್ಮ ದಾವೀದ ಭಾರತದ ವ್ಯಾಪಾರಕ್ಕೆ ಹೊರಟು ಸಮುದ್ರಪಾಲಾದ.

ಅಷ್ಟು ಹೊತ್ತಿಗೆ ಹೀಬ್ರೂ ಮನೆಮಾತಾಗಿರಲಿಲ್ಲ. ಯೆಹೂದ್ಯರು ಇದ್ದ ದೇಶದ ಭಾಷೆಯನ್ನಾಡುತ್ತಿದ್ದರು. ಆದರೆ ಮಕ್ಕಳಿಗೆ ಹೀಬ್ರೂ ಅಕ್ಷರ ಕಲಿಸುವುದನ್ನು ಬಿಡಲಿಲ್ಲ. ಅರಬ್ಬಿ ಮಾತನ್ನೂ ಹೀಬ್ರೂ ಅಕ್ಷರದಲ್ಲೇ ಬರೆದರು. ನಮ್ಮ ದಕ್ಷಿಣ ಕನ್ನಡದವರು ಕೊಂಕಣಿಯನ್ನೂ ತುಳುವನ್ನೂ ಕನ್ನಡ ಲಿಪಿಯಲ್ಲಿ ಬರೆಯುತ್ತಾರಲ್ಲ, ಹಾಗೆಯೇ.

ಬೊಮ್ಮನ ಕಥೆ

ಅಂಥ ಅಕ್ಷರ ಬಲ್ಲ ಒಬ್ಬ ವರ್ತಕ, ಟುನೀಸಿಯಾದ ಕಡೆಯ ಅಬ್ರಹಾಂ ಬೆನ್ ಯಿಜು, ಬಸವಣ್ಣನವರ ಶತಮಾನದಲ್ಲಿ ಮಂಗಳೂರಿನಲ್ಲಿ ನೆಲೆಸಿದ್ದ. ಮೆಣಸು, ಅಡಿಕೆ, ಕಬ್ಬಿಣ ಏಡನ್ ಬಂದರಿಗೆ ಕಳುಹಿಸುತ್ತಿದ್ದ. ಕಂಚಿನ ಪಾತ್ರೆಯ ಕಾರ್ಖಾನೆಯನ್ನೂ ನಡೆಸುತ್ತಿದ್ದ. ಬರೆಯಲು ಕಾಗದ ಇಲ್ಲಿ ಸಿಗುತ್ತಿರಲಿಲ್ಲ. ಏಡನ್ನಿನ ಸ್ನೇಹಿತರು ಕಳುಹಿಸುತ್ತಿದ್ದರು. 1132ರ ಅಕ್ಟೋಬರಿನಲ್ಲಿ ಅವನು ಮಂಗಳೂರಿನಲ್ಲಿ ಆಶು ಎಂಬ ದಾಸಿಯನ್ನು ಬಿಡುಗಡೆ ಮಾಡಿ ಪತ್ರ ಬರೆದುಕೊಟ್ಟ. ಆಕೆಯೇ ಅವನ ಮಕ್ಕಳ ತಾಯಿಯೆಂದು ವಿದ್ವಾಂಸರ ಅಭಿಪ್ರಾಯ. 1149ರಲ್ಲಿ ಅವನು ಏಡನ್ನಿಗೆ ಮರಳಿದ. ಮುಂದೆ ಅವನ ಕಾಗದಪತ್ರಗಳು ಈಜಿಪ್ಟನ್ನು ಸೇರಿದವು.

ದೇವರ ಹೆಸರು ಇರಬಹುದಾದ ಬರಹವನ್ನು ಯೆಹೂದ್ಯರು ಬಿಸಾಡುವುದಿಲ್ಲ. ಅದಕ್ಕಾಗಿ ಪ್ರಾರ್ಥನಾಮಂದಿರದಲ್ಲಿ "ಗೆನೀಜಾ" ಎಂಬ ಕೋಣೆ ಇರುತ್ತದೆ. ಹಳೆಯ ಕೈರೋದ ಗೆನೀಜಾದಲ್ಲಿ ಧರ್ಮಗ್ರಂಥಗಳ ಜೊತೆಗೆ ಬೆಲೆಪಟ್ಟಿ, ಸಾಲಪತ್ರ, ಮನೆಯ ಕಾಗದ ಎಲ್ಲವೂ ನೂರಾರು ವರ್ಷ ಬಿದ್ದಿದ್ದವು. ಸಾಲಮನ್ ಷೆಕ್ಟರ್ ಎಂಬ ವಿದ್ವಾಂಸರು 1896ರ ಕೊನೆಯಲ್ಲಿ ಅಲ್ಲಿಗೆ ಹೋಗಿ, ಸುಮಾರು 1,93,000 ತುಣುಕುಗಳನ್ನು ಕೇಂಬ್ರಿಜ್ ವಿಶ್ವವಿದ್ಯಾಲಯಕ್ಕೆ ಸಾಗಿಸಿದರು. ಅವುಗಳಲ್ಲಿ ಭಾರತದ ವ್ಯಾಪಾರದ ಪತ್ರಗಳನ್ನು ಹುಡುಕಿ ಓದುವುದಕ್ಕೆ ಎಸ್. ಡಿ. ಗೊಯಿಟೈನ್ ಎಂಬ ವಿದ್ವಾಂಸರು ಹಲವು ದಶಕಗಳನ್ನೇ ಕಳೆದರು.

ಬೆನ್ ಯಿಜುವಿಗೆ ಬಂದ ಪತ್ರಗಳಲ್ಲಿ ಅವನ ಒಬ್ಬ ಆಳಿನ ಹೆಸರು ಬರುತ್ತದೆ. ಪತ್ರದ ಮಾತಿನಲ್ಲಿ ಅವನು ಗುಲಾಮ. ಆದರೆ ಧಣಿಯ ಸರಕಿನೊಂದಿಗೆ ಏಡನ್ನಿಗೆ ಹೋಗಿ ವ್ಯವಹಾರ ನೋಡಿಕೊಂಡು ಬರುವಷ್ಟು ನಂಬಿಕೆಯವನು. ಅಲ್ಲಿ ಅವನು ಪಡೆದ ಹಣ ಲೆಕ್ಕದಲ್ಲಿ ಬರೆದಿದೆ. ಏಡನ್ನಿನ ದೊಡ್ಡ ವರ್ತಕನೊಬ್ಬ ತನ್ನ ಪತ್ರದಲ್ಲಿ ಅವನಿಗೂ ಶುಭಾಶಯ ಹೇಳಿದ್ದಾನೆ. ಹೆಸರು ಮಾತ್ರ ಮೂರೇ ಅಕ್ಷರ: ಬ-ಮ-ಹ. ಕೊನೆಯ "ಹ" ಬರಿಯ ಸ್ವರದ ಗುರುತು. ಹಾಗಾದರೆ ಬಾಮಾ ಎನ್ನಬೇಕೆ? ಇನ್ನೇನಾದರೂ ಇರಬಹುದೆ? ಲೇಖಕ ಅಮಿತಾವ್ ಘೋಷ್ ಈ ಪ್ರಶ್ನೆ ಹೊತ್ತು ಮಂಗಳೂರಿಗೆ ಬಂದರು. ಅಲ್ಲಿ ಪ್ರೊಫೆಸರ್ ವಿವೇಕ ರೈಗಳ ನೆರವಿನಿಂದ ಉತ್ತರ ಸಿಕ್ಕಿತು: ಅವನು ಬೊಮ್ಮ. ಘೋಷರ ಪುಸ್ತಕ 1992ರಲ್ಲಿ ಪ್ರಕಟವಾಯಿತು.

ಹೀಬ್ರೂ ಅಕ್ಷರದಲ್ಲಿ ಒಕಾರವಿಲ್ಲ, ಒತ್ತೂ ಇಲ್ಲ. ಅವೆರಡನ್ನೂ ತುಂಬಿಕೊಟ್ಟದ್ದು ನಮ್ಮ ನಾಡಿನ ನುಡಿ. ಬೊಮ್ಮಣ್ಣ, ಬೊಮ್ಮಯ್ಯ ಎಂಬ ಹೆಸರುಗಳು ನಮ್ಮ ಊರುಗಳಲ್ಲಿ ಇನ್ನೂ ಇವೆ. ಆ ಕಾಲದ ಮಂಗಳೂರನ್ನು ಆಳಿದ ಆಳುಪ ಅರಸರ ಹೆಸರು ಶಾಸನಗಳಲ್ಲಿ ಉಳಿಯಿತು. ಆಳಾಗಿ ದುಡಿದವನ ಹೆಸರನ್ನು ಕಲ್ಲಿನಲ್ಲಿ ಯಾರು ಕೊರೆಸುತ್ತಾರೆ? ಅದನ್ನು ಉಳಿಸಿದ್ದು ಒಂದು ಹಳೆಯ ಲೆಕ್ಕದ ಕಾಗದ.

ಭಾಷೆ ಮತ್ತೆ ಮನೆಗೆ ಬಂದದ್ದು

1881ರಲ್ಲಿ ಎಲಿಯೆಜರ್ ಬೆನ್ ಯೆಹೂದ ಎಂಬಾತ ಜೆರೂಸಲೇಮಿಗೆ ಬಂದು, ಮನೆಯಲ್ಲಿ ಹೀಬ್ರೂ ಮಾತ್ರ ಆಡಬೇಕೆಂದು ಹಟ ಹಿಡಿದ. ಮರುವರ್ಷ ಹುಟ್ಟಿದ ಮಗ ಆ ಮಾತನ್ನೇ ಕೇಳಿ ಬೆಳೆದ. ಇಲ್ಲದ ಶಬ್ದಗಳನ್ನು ಹಳೆಯ ಧಾತುಗಳಿಂದ ಕಟ್ಟಿ ದೊಡ್ಡ ನಿಘಂಟು ಮಾಡಿದ. ಶಾಲೆಯ ಉಪಾಧ್ಯಾಯರೂ ತಾಯಂದಿರೂ ಕೈಗೂಡಿಸಿದರು. 1966ರಲ್ಲಿ ಹೀಬ್ರೂ ಲೇಖಕ ಎಸ್. ವೈ. ಆಗ್ನಾನ್ ಅವರಿಗೆ ನೊಬೆಲ್ ಪಾರಿತೋಷಕ ಬಂತು; ಅದನ್ನು ನೆಲ್ಲಿ ಸ್ಯಾಕ್ಸ್ ಅವರೊಂದಿಗೆ ಹಂಚಿಕೊಂಡರು. ನೂರಾರು ವರ್ಷ ಯಾರ ತೊಟ್ಟಿಲಲ್ಲೂ ಇಲ್ಲದ ಭಾಷೆ ಮತ್ತೆ ತೊಟ್ಟಿಲಿಗೆ ಬಂದದ್ದು, ಓದುವುದನ್ನೂ ಬರೆಯುವುದನ್ನೂ ಆ ಜನ ನಡುವೆ ನಿಲ್ಲಿಸದಿದ್ದರಿಂದ.

ಕಡೆಯ ಮಾತು

ಈ ಪಾಠ ಬರೆಯುವಾಗ ನನ್ನ ಒಂದು ತಪ್ಪು ನೆನಪಾಯಿತು. ಕೆಲವು ವರ್ಷಗಳ ಹಿಂದೆ ಕೋಣೆ ಬದಲಾಯಿಸುವಾಗ, ತಾಯಿ ಊರಿನಿಂದ ಬರೆದಿದ್ದ ಕಾಗದಗಳ ಕಟ್ಟನ್ನು ಹಳೆಯ ಪತ್ರಿಕೆಗಳ ಜೊತೆ ತೂಕಕ್ಕೆ ಹಾಕಿಬಿಟ್ಟೆ. ಅವಳ ಬರಹದಲ್ಲೂ ಒತ್ತುಗಳು ಇರುತ್ತಿರಲಿಲ್ಲ. "ಅಮ್ಮ" ಎಂಬುದನ್ನು "ಅಮ" ಎಂದೇ ಬರೆಯುತ್ತಿದ್ದಳು. ನಾನು ತುಂಬಿಕೊಂಡು ಓದುತ್ತಿದ್ದೆ. ಈಗ ಅವಳೂ ಇಲ್ಲ, ಆ ಅಕ್ಷರಗಳೂ ಇಲ್ಲ. ನನ್ನ ಮಗಳು ತಮಿಳನ್ನು ಸೊಗಸಾಗಿ ಓದುತ್ತಾಳೆ, ಸಂತೋಷವೇ. ಅಜ್ಜಿಯ ಕಾಗದ ತೋರಿಸಿ ಕನ್ನಡ ಕಲಿಸೋಣವೆಂದರೆ ಕೈಯಲ್ಲಿ ಒಂದೂ ಉಳಿದಿಲ್ಲ.

ನಿಮ್ಮ ಪೆಟ್ಟಿಗೆಯಲ್ಲಿ ಊರಿನ ಕಾಗದಗಳಿದ್ದರೆ ಇಟ್ಟುಕೊಳ್ಳಿ. ಹಾಲಿನ ಲೆಕ್ಕವಿದ್ದರೂ ಸರಿಯೇ.

ಅಭ್ಯಾಸ

1. ಸ-ಫ-ರ ಧಾತುವಿನಿಂದ ಹುಟ್ಟಿದ ನಾಲ್ಕು ಮಾತುಗಳನ್ನು ಅರ್ಥಸಹಿತ ಬರೆಯಿರಿ.

2. ನಿಮ್ಮ ಹೆಸರನ್ನು ಕಾಗುಣಿತವೂ ಒತ್ತೂ ಇಲ್ಲದೆ ಬರೆದು, ಪಕ್ಕದವರಿಂದ ಓದಿಸಿರಿ.

3. ಮನೆಯಲ್ಲಿರುವ ಅತಿ ಹಳೆಯ ಕನ್ನಡ ಕಾಗದ ಯಾವುದೆಂದು ಹುಡುಕಿ, ಮಕ್ಕಳೆದುರು ಗಟ್ಟಿಯಾಗಿ ಓದಿರಿ.