ಬಟ್ಟೆಯ ಎತ್ತು: ಹೊಲಿಗೆಯ ಮೂಲಕ ಮನೆಮಾತಿನ ಕಲಿಕೆ

ಪೀಠಿಕೆ

ಜ್ಯೇಷ್ಠ ಮಾಸದ ಅಮಾವಾಸ್ಯೆಯನ್ನು ಉತ್ತರ ಕರ್ನಾಟಕದಲ್ಲಿ ಮಣ್ಣೆತ್ತಿನ ಅಮಾವಾಸ್ಯೆಯೆಂದು ಆಚರಿಸುತ್ತಾರೆ. ಜಿಗುಟು ಮಣ್ಣನ್ನು ತಂದು, ನಾದಿ, ಒಂದು ಜೋಡಿ ಎತ್ತುಗಳನ್ನೂ ಅವುಗಳ ಮುಂದೆ ಒಂದು ಗೋದಲಿಯನ್ನೂ ಮಾಡಿ ಪೂಜಿಸುವುದು ಅಲ್ಲಿಯ ಪದ್ಧತಿ. ಮಣ್ಣು ಮೆತ್ತುವ ಈ ಕೆಲಸದಲ್ಲಿ ಮಕ್ಕಳೇ ಮುಂದು. ವಿಜಯಪುರ, ಬಾಗಲಕೋಟೆ, ಗದಗ, ಕೊಪ್ಪಳ ಮುಂತಾದ ಜಿಲ್ಲೆಗಳಿಂದ ದುಡಿಮೆಗಾಗಿ ಗೋವಾಕ್ಕೆ ಬಂದು ವಾಸ್ಕೋ, ಬಾಯಿನಾ, ಝುವಾರಿನಗರಗಳಲ್ಲಿ ನೆಲೆಸಿದ ಹಿರಿಯರಿಗೆ ಈ ಹಬ್ಬ ಚೆನ್ನಾಗಿ ನೆನಪಿದೆ. ಅವರ ಮಕ್ಕಳಲ್ಲಿ ಅನೇಕರು ಗೋವಾದಲ್ಲಿಯೇ ಹುಟ್ಟಿ ಬೆಳೆದವರು. ಅವರ ಪಾಲಿಗೆ ಉಳುವ ಎತ್ತು ಪುಸ್ತಕದಲ್ಲಿರುವ ಚಿತ್ರ; ನೊಗ, ಗೋದಲಿ, ಮೂಗುದಾರ ಎಂಬ ಮಾತುಗಳು ಅರ್ಥ ಬರೆದುಕೊಂಡು ಕಲಿಯಬೇಕಾದ ಕಠಿಣ ಪದಗಳು.

ಆದರೆ ಇದೇ ಮನೆಗಳಲ್ಲಿ ಇನ್ನೊಂದು ವಿದ್ಯೆ ಇಂದಿಗೂ ಉಳಿದಿದೆ. ಹಳೆಯ ಸೀರೆ, ಧೋತರಗಳನ್ನು ಒಂದರ ಮೇಲೊಂದು ಹಾಸಿ, ಬಣ್ಣಬಣ್ಣದ ತುಂಡುಗಳನ್ನು ಜೋಡಿಸಿ, ಸಾಲುಸಾಲಾಗಿ ಹೊಲಿದು ಕೌದಿ ಮಾಡುವ ವಿದ್ಯೆ ಅದು. ಶಾಲೆಯ ಪ್ರವೇಶ ಅರ್ಜಿಯಲ್ಲಿ ‘ತಾಯಿಯ ಶಿಕ್ಷಣ’ ಎಂಬುದರ ಎದುರು ‘ಇಲ್ಲ’ ಎಂದು ಬರೆಸುವ ತಾಯಿ ಈ ವಿದ್ಯೆಯಲ್ಲಿ ಪರಿಣತೆಯಾಗಿರುತ್ತಾಳೆ. ನಮ್ಮ ತರಗತಿಗಳು ಅದನ್ನು ವಿದ್ಯೆಯೆಂದು ಎಣಿಸಿದ್ದು ಕಡಿಮೆ.

ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯ ಮೂಲಕ ಶಿಕ್ಷಣ ದೊರೆಯಲು ತಕ್ಕ ಸೌಲಭ್ಯಗಳನ್ನು ಕಲ್ಪಿಸಬೇಕೆಂದು 1956ರಲ್ಲಿ ಸಂವಿಧಾನಕ್ಕೆ ಸೇರಿದ 350ಎ ವಿಧಿ ಹೇಳುತ್ತದೆ. ಸೌಲಭ್ಯವೆಂದರೆ ಕಟ್ಟಡ, ಪುಸ್ತಕ, ಶಿಕ್ಷಕ ಇಷ್ಟೇ ಅಲ್ಲ; ಮಗುವಿನ ಮನೆಯ ಮಾತಿಗೆ ತರಗತಿಯಲ್ಲಿ ಕೆಲಸವಿರಬೇಕು. ಕೈಗೆಲಸವನ್ನೇ ಕಲಿಕೆಯ ಕೇಂದ್ರವಾಗಿಸುವ ವಿಚಾರವನ್ನು ಗಾಂಧೀಜಿಯವರು 1937ರ ವಾರ್ಧಾ ಸಮ್ಮೇಳನದಲ್ಲಿ ದೇಶದ ಮುಂದಿಟ್ಟರು. ಆಟಿಕೆಗಳ ಮೂಲಕ ಕಲಿಸಬೇಕೆಂಬುದು 2022ರ ಬುನಾದಿ ಹಂತದ ರಾಷ್ಟ್ರೀಯ ಪಠ್ಯಕ್ರಮ ಚೌಕಟ್ಟಿನ ಆಶಯವೂ ಹೌದು. ಬಟ್ಟೆಯ ಎತ್ತನ್ನು ಹೊಲಿಯುವ ಪ್ರಸ್ತುತ ಪಾಠ ಈ ದಾರಿಯಲ್ಲಿ ಒಂದು ಪ್ರಯತ್ನ. ನಾಲ್ಕನೆಯ ತರಗತಿಗೆ, 40 ನಿಮಿಷಗಳ ಐದು ಅವಧಿಗಳಿಗೆ ಇದನ್ನು ಯೋಜಿಸಲಾಗಿದೆ.

ಒಂದು ಅನುಭವ

ಪಾಠದ ಕ್ರಮವನ್ನು ಹೇಳುವ ಮೊದಲು ನಾನು ಮಾಡಿದ ಒಂದು ತಪ್ಪನ್ನು ಇಲ್ಲಿ ನಿವೇದಿಸುವುದು ಉಚಿತ. ಕೆಲವು ವರ್ಷಗಳ ಹಿಂದೆ ಒಂದು ಶಾಲೆಯಲ್ಲಿ ಈ ಪಾಠವನ್ನು ಮಾದರಿಯಾಗಿ ನಾನೇ ಮಾಡಿದೆ. ಸಮಯ ಉಳಿಯಲೆಂದು ಬಟ್ಟೆಗಳನ್ನು ಮನೆಯಲ್ಲಿಯೇ ಕತ್ತರಿಸಿಕೊಂಡು ಹೋಗಿದ್ದೆ. ಗುರುತು ಹಾಕಿದಲ್ಲಿ ಮಕ್ಕಳು ಹೊಲಿದರು. ಎರಡು ಅವಧಿಗಳಲ್ಲಿ ಎಲ್ಲ ಎತ್ತುಗಳೂ ಸಿದ್ಧವಾದವು. ಎಲ್ಲವೂ ಒಂದೇ ಅಚ್ಚಿನಂತಿದ್ದವು. ‘ಎತ್ತನ್ನು ಹೇಗೆ ಮಾಡಿದಿರಿ, ಬರೆಯಿರಿ’ ಎಂದಾಗ ಹೆಚ್ಚಿನವರು ಎರಡು ವಾಕ್ಯಗಳನ್ನು ದಾಟಲಿಲ್ಲ. ಕೆಲಸ ನನ್ನದಾಗಿತ್ತು, ಅವರಿಗೆ ಹೇಳಲು ಏನೂ ಉಳಿದಿರಲಿಲ್ಲ.

ಒಬ್ಬ ಹುಡುಗಿಯ ಎತ್ತಿನ ಕಾಲು ಮಾತ್ರ ಅಂದೇ ಬಿಚ್ಚಿಕೊಂಡಿತು. ಅವಳು ಅದನ್ನು ಮನೆಗೆ ಒಯ್ದಳು. ಮರುದಿನ ಬೆಳಗ್ಗೆ, ಅದುವರೆಗೆ ತರಗತಿಯಲ್ಲಿ ಬಾಯಿ ಬಿಡದಿದ್ದ ಆ ಮಗು ಎದ್ದು ನಿಂತು ಹೇಳಿತು: “ನಮ್ಮವ್ವ ಅಂದ್ಳ್ರೀ, ನಿಮ್ಮ ಸರ್ ಕೌದಿ ಹೊಲದಿಲ್ಲ ಅನಸ್ತೈತಿ. ಎಳಿಯೋ ಜಾಗಾದಾಗ ಎರಡ ಸಲ ಹೊಲೀಬೇಕಂತ್ರೀ.” ತರಗತಿ ನಕ್ಕಿತು, ನಾನೂ ನಕ್ಕೆ. ಅವಳ ತಾಯಿ ಹೇಳಿದ್ದು ನಿಜವಾಗಿತ್ತು. ಕಾಲು ಮೈಯನ್ನು ಕೂಡುವಲ್ಲಿ ನಾನು ಒಂದೇ ಸಾಲಿನ ಹೊಲಿಗೆಯನ್ನು ಹೇಳಿಕೊಟ್ಟಿದ್ದೆ. ಆ ದಿನ ಹುಡುಗಿ ಹೊಲಿಗೆಯನ್ನು ತೋರಿಸುತ್ತ ಬಹಳ ಹೊತ್ತು ಮಾತಾಡಿದಳು. ಇತರರು ಪ್ರಶ್ನೆ ಕೇಳಿದರು. ಮುಂದಿನ ವಾರ ಕೂಲಿಯ ಬಿಡುವಿನ ದಿನ ಅವಳ ತಾಯಿಯನ್ನು ಶಾಲೆಗೆ ಕರೆಸಿದೆವು. ಕೆಳಗಿನ ಕ್ರಮವನ್ನು ಈ ಅನುಭವದ ನಂತರ ತಿದ್ದಿ ಬರೆಯಲಾಗಿದೆ.

ಪೂರ್ವಸಿದ್ಧತೆ

ಪ್ರತಿ ಮಗುವಿಗೆ 26 ಸೆಂ.ಮೀ. ಉದ್ದ, 20 ಸೆಂ.ಮೀ. ಅಗಲದ ಎರಡು ಹತ್ತಿ ಬಟ್ಟೆಯ ತುಂಡುಗಳು, ಒಂದು ಸೂಜಿ, ಗಟ್ಟಿ ದಾರ, ಹಳೆಯ ಪತ್ರಿಕೆಯ ಹಾಳೆ, ಸೀಮೆಸುಣ್ಣ, ನಾಲ್ಕಾರು ಗುಂಡುಸೂಜಿಗಳು ಬೇಕು. ನಾಲ್ಕು ಮಕ್ಕಳಿಗೆ ಒಂದು ಕತ್ತರಿ ಸಾಕು. ನೈಲಾನ್‌ನಂಥ ಜಾರುವ ಬಟ್ಟೆ ಕಲಿಯುವವರಿಗೆ ತೊಂದರೆ ಕೊಡುತ್ತದೆ. ದರ್ಜಿ ಅಂಗಡಿಗಳಲ್ಲಿ ಉಳಿಯುವ ಚಿಂದಿಯೇ ಎತ್ತಿನ ಒಳಗೆ ತುಂಬಲು ಉತ್ತಮ ಸಾಮಗ್ರಿ. ಗೋವಾದ ಮಳೆಗಾಲದ ತೇವದಲ್ಲಿ ಒಣಗದ ಚಿಂದಿಗೆ ಬೂಷ್ಟು ಹಿಡಿಯುತ್ತದೆ. ಆದುದರಿಂದ ಚಿಂದಿಯನ್ನು ಬೇಸಿಗೆಯಲ್ಲಿಯೇ ಕೂಡಿಸಿ, ಒಗೆದು, ಬಿಸಿಲಲ್ಲಿ ಒಣಗಿಸಿ ಕಟ್ಟಿಡಬೇಕು. ಕಾಳು, ಭತ್ತದ ಹೊಟ್ಟುಗಳನ್ನು ತುಂಬಿದರೆ ಹುಳು ಬೀಳುತ್ತದೆ.

ಸೂಜಿಗಳ ವಿಷಯದಲ್ಲಿ ಕಟ್ಟುನಿಟ್ಟು ಅಗತ್ಯ. ಅವಧಿಯ ಆರಂಭದಲ್ಲಿ ಎಣಿಸಿ ಕೊಡಬೇಕು, ಕೊನೆಯಲ್ಲಿ ಎಣಿಸಿ ಪಡೆಯಬೇಕು. ಲೆಕ್ಕ ಸರಿಹೊಂದುವವರೆಗೆ ಯಾರೂ ಏಳಬಾರದು. ದಾರವಿಲ್ಲದ ಸೂಜಿ ನೆಲದ ಮೇಲೆ ಬಿದ್ದರೆ ಕಣ್ಣಿಗೆ ಕಾಣದು. ಆದುದರಿಂದ ಸೂಜಿಯಲ್ಲಿ ಸದಾ ದಾರವಿರಲಿ.

ಹೊಲಿಯುವ ಕ್ರಮ

1. ಎತ್ತು ಪಕ್ಕದಿಂದ ಹೇಗೆ ಕಾಣುತ್ತದೆಂಬುದನ್ನು ಮಕ್ಕಳೊಡನೆ ಚರ್ಚಿಸಿ, ಪ್ರತಿಯೊಬ್ಬರೂ ಪತ್ರಿಕೆಯ ಹಾಳೆಯ ಮೇಲೆ ತಮ್ಮದೇ ಆಕಾರವನ್ನು ಬರೆಯಲಿ. ಉದ್ದ 22 ಸೆಂ.ಮೀ., ಎತ್ತರ 16 ಸೆಂ.ಮೀ. ಮೀರದಿರಲಿ. ಭುಜದ ಮೇಲಿನ ಹಿಣಿಲು ಮತ್ತು ಕೊರಳಡಿಯ ಗಂಗೆದೊಗಲು ಆಕಾರದಲ್ಲಿಯೇ ಬರಲಿ. ಮುಂದೊಂದು, ಹಿಂದೊಂದು ಕಾಲು ಸಾಕು. ಕಾಲಿನ ಅಗಲ 4 ಸೆಂ.ಮೀ.ಗಿಂತ ಕಡಿಮೆಯಾದರೆ ಹೊರಳಿಸುವಾಗ ಕಷ್ಟವಾಗುತ್ತದೆ.

2. ಎರಡು ಬಟ್ಟೆಗಳ ಹೊರಮೈಗಳು ಪರಸ್ಪರ ತಾಗುವಂತೆ ಒಂದರ ಮೇಲೊಂದಿಟ್ಟು, ಕಾಗದದ ಆಕಾರವನ್ನು ಮೇಲಿರಿಸಿ, ಗುಂಡುಸೂಜಿ ಚುಚ್ಚಬೇಕು. ಸೀಮೆಸುಣ್ಣದಿಂದ ಸುತ್ತ ಗೆರೆ ಎಳೆದು, ಗೆರೆಯಿಂದ 1 ಸೆಂ.ಮೀ. ಹೊರಗೆ ಕತ್ತರಿಸಬೇಕು. ಕತ್ತರಿ ಮಗುವಿನ ಕೈಯಲ್ಲಿಯೇ ಇರಲಿ, ಶಿಕ್ಷಕರು ಪಕ್ಕದಲ್ಲಿರಲಿ.

3. ದಾರದ ಅಳತೆ ಎರಡು ಮೊಳ. ಪೋಣಿಸಿ, ಎರಡು ತುದಿಗಳನ್ನೂ ಸೇರಿಸಿ ಗಂಟು ಹಾಕಿದರೆ ಒಂದು ಮೊಳದ ಜೋಡಿದಾರವಾಗುತ್ತದೆ. ಇದಕ್ಕಿಂತ ಉದ್ದವಾದರೆ ಸಿಕ್ಕಾಗುತ್ತದೆ. ಮೊದಲು ಗೆರೆಯ ಗುಂಟ ಕೌದಿಯ ಹೊಲಿಗೆಯಂತೆ ಮೇಲೆ ಕೆಳಗೆ ಸಾಗುವ ಸಾದಾ ಹೊಲಿಗೆ ಹಾಕಬೇಕು. ಹೊಟ್ಟೆಯ ಬಳಿ 6 ಸೆಂ.ಮೀ. ಬಾಯಿ ಬಿಡಬೇಕು.

4. ಕಾಲು, ಕೊರಳು, ಹಿಣಿಲುಗಳ ಬಳಿ ಎಳೆತ ಹೆಚ್ಚು. ಅಲ್ಲಿ ಒಂದು ಹೆಜ್ಜೆ ಹಿಂದೆ ಸರಿದು ಎರಡು ಹೆಜ್ಜೆ ಮುಂದೆ ಸಾಗುವಂತೆ ಎರಡನೆಯ ಸಾಲು ಹೊಲಿಯಬೇಕು. ಆ ತಾಯಿ ಹೇಳಿಕೊಟ್ಟ ಪಾಠವಿದು.

5. ಆಕಾರವು ಒಳಕ್ಕೆ ಬಾಗುವ ಕಡೆಗಳಲ್ಲಿ ಅಂಚಿನ ಬಟ್ಟೆಗೆ ಸಣ್ಣ ಕಚ್ಚು ಹಾಕಬೇಕು. ಹಾಗೆ ಮಾಡದಿದ್ದರೆ ಹೊರಳಿಸಿದಾಗ ಬಟ್ಟೆ ಸುಕ್ಕುಗಟ್ಟುತ್ತದೆ. ಕಚ್ಚು ಹೊಲಿಗೆಯನ್ನು ಮುಟ್ಟಬಾರದು. ಬಳಿಕ ಬಾಯಿಯ ಮೂಲಕ ಒಳಮೈಯನ್ನು ಹೊರಗೆ ಹೊರಳಿಸದೆ ಹೊರಮೈಯನ್ನು ಹೊರಗೆ ತಂದು, ಪೆನ್ಸಿಲಿನ ಮೊಂಡು ತುದಿಯಿಂದ ಕಾಲುಗಳನ್ನು ಬಿಡಿಸಬೇಕು.

6. ಚಿಂದಿಯನ್ನು ಬೆರಳಗಲದ ಚೂರುಗಳಾಗಿ ಕತ್ತರಿಸಿ, ಮೊದಲು ಕಾಲು ಮತ್ತು ಮುಖ, ಆಮೇಲೆ ಹೊಟ್ಟೆ ತುಂಬಬೇಕು. ಒಮ್ಮೆಗೆ ಸ್ವಲ್ಪ ಸ್ವಲ್ಪವೇ ತುಂಬಿದರೆ ಗಂಟುಗಳಾಗುವುದಿಲ್ಲ. ಕೊನೆಗೆ ಬಾಯಿಯ ಅಂಚುಗಳನ್ನು ಒಳಕ್ಕೆ ಮಡಿಚಿ, ಅಂಚಿನ ಮೇಲೆ ಸುತ್ತಿ ಬರುವ ಹೊಲಿಗೆಯಿಂದ ಮುಚ್ಚಬೇಕು.

7. ಬಟ್ಟೆಯ ಸುರುಳಿಯಿಂದ ಕೋಡು, ಮೂರೆಳೆಯ ಹೆಣಿಗೆಯಿಂದ ಬಾಲ ಮಾಡಿ ಗಟ್ಟಿಯಾಗಿ ಹೊಲಿಯಬೇಕು. ಕಣ್ಣನ್ನು ಕಪ್ಪು ದಾರದಿಂದಲೇ ಮೂಡಿಸಬೇಕು. ಈ ಆಟಿಕೆ ಮನೆಗೆ ಹೋದೊಡನೆ ತಮ್ಮನ, ತಂಗಿಯ ಬಾಯಿಗೆ ಹೋಗುವುದು ಖಚಿತ. ಕಿತ್ತುಬಂದ ಗುಂಡಿ ಎಳೆಯ ಮಗುವಿನ ಗಂಟಲಲ್ಲಿ ಸಿಕ್ಕಿಕೊಳ್ಳಬಹುದು. ಪ್ರತಿಯೊಂದು ಭಾಗವನ್ನೂ ಶಿಕ್ಷಕರು ಎಳೆದು ನೋಡಿದ ಮೇಲೆಯೇ ಎತ್ತನ್ನು ಮನೆಗೆ ಕಳುಹಿಸಬೇಕು.

ಹೀಗೆ ಎರಡೇ ತುಂಡುಗಳಿಂದ ಮಾಡಿದ ಎತ್ತು ಗೋಡೆಗೆ ಒರಗಿ ನಿಲ್ಲುತ್ತದೆ. ಅದು ತಾನಾಗಿ ನಿಲ್ಲಬೇಕಾದರೆ ನಾಲ್ಕು ಕಾಲುಗಳೂ ಹೊಟ್ಟೆಯ ಅಡಿಗೆ ಇನ್ನೊಂದು ಪಟ್ಟಿಯೂ ಬೇಕು. ಮಕ್ಕಳೇ ಇದನ್ನು ಕಂಡುಕೊಂಡು ಕೇಳುವಂತಾದರೆ ಒಳ್ಳೆಯದು.

ಭಾಷಾ ಚಟುವಟಿಕೆಗಳು

ಹೊಲಿಯುವಾಗ ಮಕ್ಕಳು ಆಡುವ ಮಾತೇ ಈ ಪಾಠದ ನಿಜವಾದ ಪಠ್ಯ. ಒಂದು ಮಗು ‘ಅರಿವಿ ಹರದೈತ್ರೀ’ ಎಂದಾಗ ‘ಬಟ್ಟೆ ಎನ್ನು’ ಎಂದು ಅಲ್ಲಿಯೇ ತಿದ್ದುವುದು ಸಲ್ಲದು. ಕಪ್ಪುಹಲಗೆಯಲ್ಲಿ ಎರಡು ಸಾಲು ಮಾಡಿ, ಒಂದರಲ್ಲಿ ‘ಅರಿವಿ’, ಇನ್ನೊಂದರಲ್ಲಿ ‘ಬಟ್ಟೆ’ ಎಂದು ಬರೆಯಬೇಕು. ಮನೆಯ ಮಾತು ಮತ್ತು ಪುಸ್ತಕದ ಮಾತು ಎರಡೂ ಕನ್ನಡವೆಂಬುದು ಮಗುವಿಗೆ ಕಣ್ಣಾರೆ ಕಾಣಬೇಕು. ಮೂರನೆಯ ಸಾಲಿನಲ್ಲಿ ನೆರೆಹೊರೆಯ ಕೊಂಕಣಿಯ ಪದವನ್ನು ಮಕ್ಕಳೇ ಕೇಳಿ ತಂದು ಬರೆಯಲಿ. ಕನ್ನಡದ ‘ಸೂಜಿ’, ಕೊಂಕಣಿಯ ‘ಸುಯ್’ ಎರಡೂ ಸಂಸ್ಕೃತದ ‘ಸೂಚಿ’ಯಿಂದ ಬಂದವು ಎಂಬುದನ್ನು ಹೇಳಿದರೆ ಭಾಷೆಗಳ ನಂಟು ತಿಳಿಯುತ್ತದೆ.

ವ್ಯಾಕರಣಕ್ಕೂ ಇಲ್ಲಿ ಸಹಜವಾದ ಅವಕಾಶವಿದೆ. ‘ಕತ್ತರಿಸಿ, ಜೋಡಿಸಿ, ಹೊಲಿದು, ಹೊರಳಿಸಿ, ತುಂಬಿದೆನು’ ಎಂಬ ವಾಕ್ಯದಲ್ಲಿ ಕೆಲಸಗಳ ಕ್ರಮವೇ ಕೃದಂತಾವ್ಯಯಗಳ ಕ್ರಮ. ಪದಗಳ ಸ್ಥಾನ ಬದಲಿಸಿ ‘ತುಂಬಿ, ಹೊಲಿದು, ಕತ್ತರಿಸಿದೆನು’ ಎಂದು ಓದಿ. ಮಕ್ಕಳು ನಗುತ್ತಾರೆ, ವ್ಯಾಖ್ಯೆಯಿಲ್ಲದೆಯೇ ನಿಯಮವನ್ನು ಗ್ರಹಿಸುತ್ತಾರೆ. ‘ಹೊಲಿಯಲಿ, ಹೊಲಿಯಬೇಕು, ಹೊಲಿದರು’ ಎಂಬ ರೂಪಗಳನ್ನು ಮುಂದಿನ ವರ್ಷದ ಮಕ್ಕಳಿಗಾಗಿ ‘ಎತ್ತು ಹೊಲಿಯುವ ಬಗೆ’ ಎಂಬ ಬರಹದಲ್ಲಿ ಬಳಸಿಸಬಹುದು.

ಎಲ್ಲರೂ ಎತ್ತನ್ನೇ ಮಾಡಬೇಕೆಂಬ ನಿರ್ಬಂಧವಿಲ್ಲ. ಟಗರು, ಬೆಕ್ಕು, ಕೋಳಿ ಯಾವುದನ್ನು ಬಯಸಿದರೂ ಒಳ್ಳೆಯದು. ತರಗತಿಯಲ್ಲಿ ನಾನಾ ಮತಗಳ ಮಕ್ಕಳಿರುವುದರಿಂದ ಇದನ್ನು ಪೂಜೆಯ ವಸ್ತುವಾಗಿಯಲ್ಲ, ಆಟಿಕೆಯಾಗಿ ಪರಿಚಯಿಸುವುದು ಯುಕ್ತ. ಗೋವಾದ ರಾಜ್ಯಪ್ರಾಣಿಯಾದ ಕಾಡುಕೋಣವನ್ನು ಮಾಡುವ ಮಗುವೂ ಇರಲಿ. ಕಪ್ಪು ಮೈಗೆ ಮೊಣಕಾಲಿನ ಕೆಳಗೆ ಬಿಳಿಯ ಬಟ್ಟೆ ಸೇರಿಸಿದರೆ ಅದರ ಗುರುತು ಸಿದ್ಧಿಸುತ್ತದೆ. ಉದ್ದ ಕೋಡಿನ ಖಿಲಾರಿ ಎತ್ತೂ ಮೊಲೆಂ ಕಾಡಿನ ಕೋಣವೂ ಅಕ್ಕಪಕ್ಕದಲ್ಲಿ ನಿಂತಾಗ, ತಂದೆತಾಯಿಯರ ಊರು ಮತ್ತು ತಾನು ಹುಟ್ಟಿದ ಊರು ಎರಡೂ ತನ್ನವೆಂದು ಮಗು ಅರಿಯುತ್ತದೆ. ಇವೆರಡರ ಹೋಲಿಕೆ ಹಾಗೂ ವ್ಯತ್ಯಾಸಗಳನ್ನು ಐದು ವಾಕ್ಯಗಳಲ್ಲಿ ಬರೆಸಬಹುದು.

ಓದಿ ಹೇಳಲು ಒಂದು ನಿಜವಾದ ಕಥೆಯೂ ಇದೆ. ಜರ್ಮನಿಯ ಗೀಂಗನ್ ಎಂಬ ಊರಿನ ಮಾರ್ಗರೇಟೆ ಸ್ಟೈಫ್ ಶೈಶವದಲ್ಲಿಯೇ ಪೋಲಿಯೋ ತಗುಲಿ ನಡೆಯಲಾರದವರಾದರು, ಬಲಗೈಯೂ ದುರ್ಬಲವಾಗಿತ್ತು. ಆದರೂ ಹೊಲಿಗೆ ಕಲಿತರು. 1880ರ ಸುಮಾರಿಗೆ ಅವರು ಸೂಜಿ ಚುಚ್ಚಿಡುವ ಮೆತ್ತೆಯಾಗಿ ಹೊಲಿದ ಪುಟ್ಟ ಆನೆಗಳನ್ನು ಮಕ್ಕಳು ಆಟಿಕೆಗಳನ್ನಾಗಿ ಮಾಡಿಕೊಂಡರು. ಮುಂದೆ ಜಗತ್ಪ್ರಸಿದ್ಧವಾದ ಆಟಿಕೆಯ ಉದ್ಯಮವೊಂದು ಹುಟ್ಟಿದ್ದು ಈ ಆನೆಗಳಿಂದಲೇ.

ಗಣಿತಕ್ಕೆ ಸಂಬಂಧ

ಹೊಲಿಗೆಯ ಒಂದು ಹೆಜ್ಜೆ 5 ಮಿ.ಮೀ., ನಡುವಣ ಅಂತರ 5 ಮಿ.ಮೀ. ಆದರೆ 10 ಸೆಂ.ಮೀ. ಉದ್ದದಲ್ಲಿ ಎಷ್ಟು ಹೆಜ್ಜೆಗಳು ಕಾಣುತ್ತವೆ? ಮಕ್ಕಳು ಮೊದಲು ಊಹಿಸಿ, ಆಮೇಲೆ ತಮ್ಮ ಎತ್ತಿನ ಬೆನ್ನಿನ ಮೇಲೆಯೇ ಎಣಿಸಿ ನೋಡಲಿ. ಹತ್ತು ಬಾರದಿದ್ದರೆ ಏಕೆಂದು ಚರ್ಚಿಸಲಿ. ತಮ್ಮ ಮೊಳವನ್ನು ಅಳತೆಪಟ್ಟಿಯಿಂದ ಅಳೆದು, ಶಿಕ್ಷಕರ ಮೊಳದೊಡನೆ ಹೋಲಿಸಲಿ.

ಮೌಲ್ಯಮಾಪನ

ಎತ್ತಿನ ಅಂದಕ್ಕೆ ಅಂಕ ಕೊಡಬಾರದು. ಕ್ರಮವನ್ನು ತಪ್ಪಿಲ್ಲದೆ ಹೇಳಬಲ್ಲದೆ, ಹೊಲಿಗೆ ಬಿಚ್ಚಿದಾಗ ಕಾರಣ ಹುಡುಕಬಲ್ಲದೆ, ಇನ್ನೊಬ್ಬರಿಗೆ ಕಲಿಸಬಲ್ಲದೆ, ಮನೆಯಿಂದ ಹೊಸ ಪದಗಳನ್ನು ತಂದಿದೆಯೆ ಎಂಬ ನಾಲ್ಕು ಅಂಶಗಳನ್ನು ಗಮನಿಸಿ ದಾಖಲಿಸಬೇಕು. ಹುಡುಗರಿಗೂ ಹುಡುಗಿಯರಿಗೂ ಒಂದೇ ಮಾನದಂಡವಿರಲಿ. ನಮ್ಮ ಪೇಟೆಗಳ ದರ್ಜಿಗಳಲ್ಲಿ ಗಂಡಸರೇ ಹೆಚ್ಚೆಂಬುದನ್ನು ಹಿಂಜರಿಯುವ ಹುಡುಗರಿಗೆ ನೆನಪಿಸಬಹುದು.

ಉಪಸಂಹಾರ

ಪಾಠದ ಕೊನೆಯ ಅವಧಿಗೆ ಒಬ್ಬ ತಾಯಿಯನ್ನಾದರೂ ಆಹ್ವಾನಿಸಿರಿ. ಕೂಲಿಯ ದಿನ ಕಳೆಯದಂತೆ ಅವರಿಗೆ ಅನುಕೂಲವಾದ ಹೊತ್ತನ್ನು ಮೊದಲೇ ಕೇಳಿ ಗೊತ್ತುಮಾಡಿರಿ. ಕುರ್ಚಿ ಕೊಟ್ಟು ಕೂರಿಸಿ, ಮಕ್ಕಳ ಮುಂದೆ ಕೌದಿಯ ಹೊಲಿಗೆಯನ್ನು ಅವರಿಂದಲೇ ಹೇಳಿಸಿರಿ; ಶಿಕ್ಷಕರು ಆಗ ವಿದ್ಯಾರ್ಥಿಗಳ ಸಾಲಿನಲ್ಲಿ ಕುಳಿತಿರಲಿ. ನಾಲ್ಕನೆಯ ತರಗತಿ ಮುಗಿಸಿದ ನಮ್ಮ ಮಕ್ಕಳಲ್ಲಿ ಅನೇಕರು ಮುಂದೆ ಬೇರೆ ಮಾಧ್ಯಮದ ಶಾಲೆಗಳಿಗೆ ಹೋಗುತ್ತಾರೆ. ಅವರು ಎಲ್ಲಿಗೆ ಹೋದರೂ, ತಮ್ಮ ಅವ್ವನ ಮಾತನ್ನು ಒಮ್ಮೆ ಶಾಲೆಯ ಕಪ್ಪುಹಲಗೆಯ ಮೇಲೆ ಬರೆದುಕೊಂಡಿದ್ದರು ಎಂಬ ನೆನಪು ಅವರೊಡನೆ ಇರಬೇಕು. ಆ ನೆನಪನ್ನು ಕೊಡಲು ನಮಗಿರುವ ಕಾಲ ನಾಲ್ಕು ವರ್ಷ ಮಾತ್ರ.