ಕಟ್ಟಿ ಸಾಕಿದ ಮೇಲೆ

ಓದುಗರ ಪತ್ರಗಳಿಗೆ ನಿವೃತ್ತ ಪಶುವೈದ್ಯರೊಬ್ಬರ ಉತ್ತರ

ಡಾಕ್ಟ್ರೇ, ನಮ್ಮ ಎಚ್‌ಎಫ್ ಹಸು ಈ ಸಲವೂ ಹೋರಿಗರು ಹಾಕಿದೆ. ಡೇರಿಗೆ ಹಾಕುವ ಹಾಲಿನಲ್ಲೇ ಮಕ್ಕಳ ಫೀಸು, ಹಿಂಡಿ ಬೂಸಾ ಎಲ್ಲ ನಡೀಬೇಕು. ಕರುವಿಗೆ ಬಿಟ್ಟರೆ ನಮಗೇನೂ ಉಳಿಯಲ್ಲ. ಊರಲ್ಲಿ ಕೆಲವರು ಹಾಲು ಬಿಡದೆ ಹಾಗೇ ಕಟ್ಟಿಹಾಕ್ತಾರೆ, ಸ್ವಲ್ಪ ದಿನಕ್ಕೆ ಅದೇ ಹೋಗುತ್ತೆ. ನಾವೇನು ಕತ್ತು ಕೊಯ್ದೆವಾ, ಪಾಪ ಬರಲ್ಲ ಅಂತಾರೆ. ನನಗೆ ಕೊಟ್ಟಿಗೆಗೆ ಹೋಗೋಕೇ ಆಗ್ತಿಲ್ಲ. ಏನು ಮಾಡಲಿ?
— ಹೈನುಗಾರ್ತಿ, ಮಂಡ್ಯ ಜಿಲ್ಲೆ

ತಾಯಿ, ಕೊಟ್ಟಿಗೆಗೆ ಹೋಗಿ. ಆ ಕರುವಿಗೆ ಒಂದು ಮೊಲೆ ಬಿಟ್ಟುಕೊಡಿ. ನಮ್ಮ ಹಿರಿಯರಲ್ಲಿ ಇದ್ದ ಪದ್ಧತಿಯೇ ಇದು. ಎರಡು ವಾರ ದಾಟಿದ ಮೇಲೆ ಎಳೆ ಹುಲ್ಲು, ಸ್ವಲ್ಪ ಬೂಸಾ ಬಾಯಿಗೆ ರೂಢಿ ಮಾಡಿಸಿ. ಮೂರು ತಿಂಗಳ ಹೊತ್ತಿಗೆ ಹಾಲು ಬಿಡಿಸಬಹುದು. ಅಷ್ಟು ಕಾಲದ ನಷ್ಟ ನಿಮಗೆ ಚಿಕ್ಕದಲ್ಲವೆಂದು ಗೊತ್ತಿದ್ದೇ ಹೇಳುತ್ತಿದ್ದೇನೆ.

ಮುಂದಿನ ಸಲ ಹಸು ಈದಾಗ, ಹೆಣ್ಣಾಗಲಿ ಗಂಡಾಗಲಿ, ಒಂದೆರಡು ಗಂಟೆಯೊಳಗೆ ಕರುವಿಗೆ ಗಿಣ್ಣುಹಾಲು ಕುಡಿಸಿ. ದನಗಳಲ್ಲಿ ರೋಗ ತಡೆಯುವ ಶಕ್ತಿ ಗರ್ಭದೊಳಗೆ ತಾಯಿಯಿಂದ ಕರುವಿಗೆ ದಾಟುವುದಿಲ್ಲ, ಗಿಣ್ಣಿನಿಂದಲೇ ಬರಬೇಕು. ಒಂದು ದಿನ ಕಳೆಯುವಷ್ಟರಲ್ಲಿ ಕರುಳು ಅದನ್ನು ಹೀರಿಕೊಳ್ಳುವುದನ್ನೇ ನಿಲ್ಲಿಸಿಬಿಡುತ್ತದೆ. 30 ಕೆ.ಜಿ. ತೂಕದ ಕರುವಿಗೆ ಮೊದಲ ದಿನ ಸುಮಾರು 3 ಲೀಟರ್ ಬೇಕು. ಬೆಲ್ಲ ಏಲಕ್ಕಿ ಹಾಕಿ ಗಿಣ್ಣು ಮಾಡಿ ನೆಂಟರಿಗೆ ಹಂಚುವುದೆಲ್ಲ ಅದರ ಹೊಟ್ಟೆ ತುಂಬಿದ ಮೇಲೆ.

ಈಗ ಪಾಪದ ಮಾತು. ಜನ್ನನ ‘ಯಶೋಧರ ಚರಿತೆ’ಯಲ್ಲಿ ರಾಜ ಬಲಿ ಕೊಟ್ಟದ್ದು ಹಿಟ್ಟಿನ ಕೋಳಿಯನ್ನು. ಒಂದು ಜೀವವೂ ಹೋಗಲಿಲ್ಲ. ಆದರೂ ಕೊಲ್ಲುವ ಸಂಕಲ್ಪ ಇತ್ತಲ್ಲ, ಅದರ ಫಲ ಜನ್ಮಜನ್ಮಗಳಿಗೂ ಅವನನ್ನು ಅಟ್ಟಿಸಿಕೊಂಡು ಬರುತ್ತದೆ. ನಮ್ಮ ಕೊಟ್ಟಿಗೆಗಳಲ್ಲಿ ಸಂಕಲ್ಪವೂ ಇದೆ, ಜೀವವೂ ಹೋಗುತ್ತಿದೆ, ಇಲ್ಲದಿರುವುದು ಕತ್ತಿಯೊಂದೇ. ಹಸಿವಿನಿಂದ ಸಾಯುವ ಕರುವನ್ನು ನಾನು ಬಹಳ ಸಲ ನೋಡಿದ್ದೇನೆ. ಮೊದಲು ಕೂಗುತ್ತದೆ, ಆಮೇಲೆ ಕೂಗಲು ತ್ರಾಣವಿರುವುದಿಲ್ಲ. ಭೇದಿ ಹಿಡಿಯುತ್ತದೆ, ಕಣ್ಣು ಗುಳಿಬೀಳುತ್ತದೆ. ಇಷ್ಟು ದೀರ್ಘವಾದ ನೋವಿನ ಮುಂದೆ ನಮ್ಮ ಕೈಗೆ ರಕ್ತ ಅಂಟಲಿಲ್ಲ ಎಂಬ ಸಮಾಧಾನಕ್ಕೆ ಬೆಲೆಯಿಲ್ಲ.

ನನ್ನ ಲೆಕ್ಕ ಸರಳ. ಆ ಹಸು ತಾನಾಗಿ ಬಸುರಾಗಲಿಲ್ಲ. ಹಾಲು ಬೇಕೆಂದು ನಾವು ಕೃತಕ ಗರ್ಭಧಾರಣೆ ಮಾಡಿಸಿದೆವು, ಕರು ಹುಟ್ಟಿತು. ಹಗ್ಗ ಹಾಕಿ ಕಟ್ಟಿದೆವು, ಇನ್ನು ಅದು ತಾನಾಗಿ ಮೇವು ಹುಡುಕಲಾರದು. ನಮ್ಮ ಅಗತ್ಯಕ್ಕೆ ಹುಟ್ಟಿಸಿ, ನಮ್ಮನ್ನು ಬಿಟ್ಟರೆ ಗತಿಯಿಲ್ಲದಂತೆ ಮಾಡಿದ ಜೀವಕ್ಕೆ ನಾವು ಸಾಲಗಾರರು. ಹಸುವನ್ನು ದೇವರೆಂದು ನಂಬದವನಿಗೂ ಈ ಸಾಲ ತಪ್ಪಿದ್ದಲ್ಲ. ನಂಬಿದವನಿಗೆ ಪೂಜೆಯಿಂದ ಇದು ತೀರುವುದೂ ಇಲ್ಲ.

ಆದರೆ ಈ ಸಾಲವನ್ನು ಎರಡು ಹಸು ಕಟ್ಟಿದ ಹೆಂಗಸೊಬ್ಬಳೇ ತೀರಿಸಬೇಕೆಂಬುದು ಅನ್ಯಾಯ. ಉಳುಮೆಗೆ ಟ್ರ್ಯಾಕ್ಟರ್ ಬಂದ ಮೇಲೆ ಹೋರಿಗರುವಿಗೆ ಗಿರಾಕಿಯಿಲ್ಲ. ಎಚ್‌ಎಫ್ ತಳಿಯಂತೂ ನಮ್ಮ ಬಿಸಿಲಿಗೆ ನೊಗ ಹೊರುವುದೂ ಕಷ್ಟ. ನಮ್ಮ ರಾಜ್ಯದ 2020ರ ಗೋಹತ್ಯೆ ತಡೆ ಕಾಯ್ದೆಯ ಪ್ರಕಾರ ಹಸು, ಕರು, ಹೋರಿ, ಎತ್ತು, 13 ವರ್ಷದೊಳಗಿನ ಎಮ್ಮೆ ಕೋಣಗಳ ವಧೆಗೆ 3ರಿಂದ 7 ವರ್ಷ ಜೈಲು. ಕೊಲ್ಲಬೇಡ ಎಂದ ಸರ್ಕಾರ, ಮತ್ತೆ ಸಾಕುವ ಖರ್ಚು ಯಾರದು ಎಂಬ ಪ್ರಶ್ನೆಗೂ ಉತ್ತರ ಕೊಡಬೇಕಿತ್ತು. ಬೆಳಗ್ಗೆ ಪ್ಯಾಕೆಟ್ ಹಾಲು ಕತ್ತರಿಸುವ ಪೇಟೆಯ ಮನೆಗಳೂ ಆ ಖರ್ಚಿನಲ್ಲಿ ಪಾಲು ಹೊರಬೇಕು. ಹಾಲಿನ ದರ ಒಂದೆರಡು ರೂಪಾಯಿ ಏರಿದೊಡನೆ ಬೀದಿಗಿಳಿಯುವವರು ಆ ದರದೊಳಗೆ ಒಂದು ಕರುವಿನ ಹೊಟ್ಟೆಯೂ ಇದೆ ಎಂದು ಯೋಚಿಸುವುದಿಲ್ಲ.

ಒಂದು ದಾರಿಯಿದೆ. ಲಿಂಗ ನಿರ್ಧಾರಿತ ವೀರ್ಯ ಬಳಸಿದರೆ 10ರಲ್ಲಿ 9 ಸಲ ಹೆಣ್ಣುಗರುವೇ ಹುಟ್ಟುತ್ತದೆ. ಗರ್ಭ ಕಟ್ಟುವುದು ಸ್ವಲ್ಪ ಕಡಿಮೆ, ಆದ್ದರಿಂದ ಆರೋಗ್ಯವಾಗಿರುವ ಕಡಸಿಗೆ, ಸರಿಯಾದ ಬೆದೆಯಲ್ಲಿ ಕೊಡಿಸಬೇಕು. ಪಶು ಆಸ್ಪತ್ರೆಯಲ್ಲಿ ಕೇಳಿ. ಸಾಕಲಾಗದ ಜೀವವನ್ನು ಹುಟ್ಟಿಸದೆ ಇರುವುದೂ ದಯೆಯೇ.

ಬೆಂಗಳೂರಿನಲ್ಲಿ ಓದುವ ಮಗ ಹಾಲು, ಮೊಸರು, ತುಪ್ಪ ಎಲ್ಲ ಬಿಟ್ಟಿದ್ದಾನೆ. ನಾವು ತಲೆತಲಾಂತರದಿಂದ ಸಸ್ಯಾಹಾರಿಗಳು. ನಮ್ಮನ್ನೇ ಹಿಂಸಕರು ಅನ್ನುತ್ತಾನೆ. ಗಿಡಕ್ಕೂ ಜೀವವಿಲ್ಲವೇ ಎಂದು ಅವರಪ್ಪ ಕೇಳಿದರೆ ಜಗಳವಾಗುತ್ತದೆ.
— ತಾಯಿ, ದಾವಣಗೆರೆ

ಅಮ್ಮಾ, ಗಿಡಕ್ಕೆ ಜೀವವಿದೆ, ನರಮಂಡಲವಿಲ್ಲ. ನೋವು ತಿಳಿಯಲು ಬೇಕಾದ ಅಂಗಗಳು ಅದಕ್ಕಿಲ್ಲ. ಗಿಡದ ಮೇಲೆ ಕನಿಕರವಿದ್ದವರೂ ನೇರವಾಗಿ ಗಿಡವನ್ನೇ ತಿನ್ನುವುದು ಒಳ್ಳೆಯದು, ಏಕೆಂದರೆ ದನ ಕೋಳಿಗಳನ್ನು ಬೆಳೆಸಲು ಅದಕ್ಕಿಂತ ಹೆಚ್ಚು ಮೇವು ಕಾಳು ಬೇಕು. ಯಜಮಾನರಿಗೆ ಈ ವಾದ ಬಿಡಲು ಹೇಳಿ.

ನಿಮ್ಮ ಮಗ ಕೇಳುತ್ತಿರುವ ಪ್ರಶ್ನೆ ನ್ಯಾಯವಾದದ್ದೇ. ಮೇಲಿನ ಪತ್ರ ಓದಿದರೆ ನಿಮಗೂ ತಿಳಿಯುತ್ತದೆ. ಹಾಲು ಕುಡಿಯುವ ನಾವು ಕಟುಕನ ಅಂಗಡಿಯಿಂದ ಅಂದುಕೊಂಡಷ್ಟು ದೂರವಿಲ್ಲ. ಬತ್ತಿದ ಹಸು, ಹೋರಿಗರು ಎಲ್ಲಿಗೆ ಹೋದವೆಂದು ನಾವು ಕೇಳಿದ್ದೇವೆಯೇ? ಈ ನಾಡಿನಲ್ಲಿ ತಟ್ಟೆಯಲ್ಲೇನಿದೆ ಎಂದು ನೋಡಿ ಜಾತಿ ಅಳೆಯುತ್ತಾ ಬಂದಿದ್ದೇವೆ. ಮಾಂಸ ತಿನ್ನುವವರನ್ನು ಕೀಳಾಗಿ ಕಾಣಲು ಪ್ರಾಣಿದಯೆಯನ್ನು ನೆಪ ಮಾಡಿಕೊಳ್ಳುವುದು ನನಗೆ ತೀರಾ ನೋವು ತರುವ ಸಂಗತಿ. ವರ್ಷಕ್ಕೊಮ್ಮೆ ಮಾರಿಹಬ್ಬಕ್ಕೆ ತಾನೇ ಮೇಯಿಸಿದ ಕುರಿ ಕಡಿಯುವವನು ಆ ಕುರಿಗೆ ಬಯಲು, ಬಿಸಿಲು, ಹಿಂಡು ಎಲ್ಲ ಕೊಟ್ಟಿರುತ್ತಾನೆ.

ಮಗನಿಗೆ ಬಿ12 ಮಾತ್ರೆ ತಪ್ಪದೆ ತೆಗೆದುಕೊಳ್ಳಲು ಹೇಳಿ. ಹಾಲೂ ಬಿಟ್ಟವರಿಗೆ ಅದು ಊಟದಿಂದ ಸಾಕಷ್ಟು ಸಿಗುವುದಿಲ್ಲ. ರಾಗಿ, ಎಳ್ಳಿನಿಂದ ಸುಣ್ಣದಂಶ ಬರುತ್ತದೆ. ಅವನು ರಜೆಗೆ ಬಂದಾಗ ಶೇಂಗಾ ಚಟ್ನಿಗೆ ಮೊಸರು ಬೆರೆಸದೆ ಬಡಿಸಿ, ಅಷ್ಟರಿಂದ ಮನೆಯಲ್ಲಿ ಯಾರಿಗೂ ಏನೂ ಕಡಿಮೆಯಾಗದು.

ನಮ್ಮ ಮುದಿ ಎತ್ತಿಗೆ ಕೀಲುನೋವು. ಮೆಡಿಕಲ್ ಸ್ಟೋರಿನವರು ಮನುಷ್ಯರಿಗೆ ಕೊಡುವ ನೋವಿನ ಇಂಜೆಕ್ಷನ್ನೇ ಸಾಕು ಅಂತಾರೆ. ಅದರಿಂದ ಹದ್ದು ಸಾಯುತ್ತೆ ಅಂತ ಮಗಳು ಶಾಲೆಯಿಂದ ಕೇಳಿಕೊಂಡು ಬಂದಿದ್ದಾಳೆ. ನಿಜವಾ?
— ರೈತ, ರಾಮನಗರ ಕಡೆ

ಮಗಳ ಮಾತು ನಿಜ. ಆ ಔಷಧ ಡೈಕ್ಲೋಫೆನಾಕ್. ಚಿಕಿತ್ಸೆ ಪಡೆದ ದನ ಸತ್ತು, ಅದರ ಮಾಂಸ ತಿಂದ ರಣಹದ್ದಿನ ಮೂತ್ರಪಿಂಡ ಕೆಟ್ಟು ಕೆಲವೇ ದಿನಗಳಲ್ಲಿ ಸಾಯುತ್ತದೆ. 1990ರ ದಶಕದಿಂದ ಭಾರತದ ಮೂರು ಜಾತಿಯ ರಣಹದ್ದುಗಳು ನೂರಕ್ಕೆ 95ಕ್ಕಿಂತ ಹೆಚ್ಚು ಅಳಿದುಹೋದವು. ಕಾರಣ ಖಚಿತವಾದದ್ದು 2004ರಲ್ಲಿ. 2006ರಲ್ಲಿ ದನಗಳಿಗೆ ಇದನ್ನು ನಿಷೇಧಿಸಿದರು. ಮನುಷ್ಯರ ದೊಡ್ಡ ಬಾಟಲಿಯನ್ನೇ ದನಕ್ಕೆ ಚುಚ್ಚುತ್ತಿದ್ದರೆಂದು 2015ರಲ್ಲಿ ಅದನ್ನೂ 3 ಮಿ.ಲೀ.ಗೆ ಇಳಿಸಿದರು. 2023ರಲ್ಲಿ ಕೀಟೊಪ್ರೊಫೆನ್, ಅಸಿಕ್ಲೋಫೆನಾಕ್‌ಗಳಿಗೂ ನಿಷೇಧ ಬಂತು. ನಿಮ್ಮೂರಿನ ರಾಮದೇವರ ಬೆಟ್ಟವನ್ನು 2012ರಲ್ಲಿ ರಣಹದ್ದುಗಳ ಧಾಮವೆಂದು ಘೋಷಿಸಿದ್ದು ಅಲ್ಲಿ ಬೆರಳೆಣಿಕೆಯಷ್ಟಾದರೂ ಉದ್ದಕೊಕ್ಕಿನ ಹದ್ದುಗಳು ಉಳಿದಿದ್ದವು ಎಂಬ ಕಾರಣಕ್ಕೆ.

ಎತ್ತಿನ ನೋವು ಕಳೆಯಬೇಕೆಂದ ಕೈಗಳೇ ಇಷ್ಟು ಹಕ್ಕಿಗಳನ್ನು ಕೊಂದವು. ಅದಕ್ಕೆಂದು ಎತ್ತು ನರಳಲಿ ಎಂದು ಬಿಡಬೇಕಾಗಿಲ್ಲ, ಅದು ದುಡಿದ ಜೀವ. ಮೆಲಾಕ್ಸಿಕಾಮ್ ಎಂಬ ಔಷಧ ಹದ್ದುಗಳಿಗೆ ಅಪಾಯವಿಲ್ಲದ್ದು, ಎತ್ತಿಗೂ ನಾಟುತ್ತದೆ. ಪಶುವೈದ್ಯರಿಂದಲೇ ಬರೆಸಿಕೊಳ್ಳಿ. ಮಲಗುವ ಜಾಗಕ್ಕೆ ದಪ್ಪಗೆ ಹುಲ್ಲು ಹಾಸಿ, ಕಲ್ಲು ಚಪ್ಪಡಿಯ ಮೇಲೆ ಕಟ್ಟಬೇಡಿ.

ಹಂದಿ ಕಾಟ ತಡೆಯಲಾರದೆ ಪಕ್ಕದ ತೋಟದವರು ಬೇಲಿಗೆ ಮನೆಯ ಕರೆಂಟನ್ನೇ ಕೊಡುತ್ತಾರೆ. ನಾವೂ ಕೊಡಬಹುದೇ?
— ಸಕಲೇಶಪುರ

ಬೇಡ. ಸೋಲಾರ್ ಬೇಲಿಯ ಶಾಕ್ ಕ್ಷಣಮಾತ್ರ ಬಂದು ನಿಲ್ಲುವುದರಿಂದ ಪ್ರಾಣಿ ಬೆದರಿ ಹಿಂದೆ ಸರಿಯುತ್ತದೆ. ಮನೆಯ ಕರೆಂಟು ಸ್ನಾಯುಗಳನ್ನು ಸೆಟೆಸಿ ಹಿಡಿದುಬಿಡುತ್ತದೆ, ಬಿಡಿಸಿಕೊಳ್ಳಲಾಗದೆ ಸಾಯುತ್ತದೆ. ಹಂದಿಗೆ ಇಟ್ಟದ್ದಕ್ಕೆ ಆನೆ ಬೀಳುತ್ತದೆ, ಬೆಳಗಿನ ಜಾವ ತೋಟಕ್ಕೆ ಬಂದ ಆಳು ಬೀಳುತ್ತಾನೆ. ಬೆಳೆ ಉಳಿಸಿಕೊಳ್ಳುವ ಹಕ್ಕು ನಿಮಗಿದೆ, ಯಾರು ಸಾಯುತ್ತಾರೆಂದು ನೋಡದೆ ಕೊಲ್ಲುವ ಹಕ್ಕಿಲ್ಲ. ಪಕ್ಕದವರಿಗೂ ಇವತ್ತೇ ಹೇಳಿ.

ನಮ್ಮ ಮಲೆನಾಡು ಗಿಡ್ಡ ಹಸು ಕಾಲು ಮುರಿದುಕೊಂಡು ಬಿದ್ದಿದೆ, ಏಳುತ್ತಲೇ ಇಲ್ಲ. ಮೈಯೆಲ್ಲ ಹುಣ್ಣು. ಡಾಕ್ಟರು ದಯಾಮರಣದ ಮಾತೆತ್ತಿದರು. ಅತ್ತೆ ಗೋಹತ್ಯೆ ಎಂದು ಅಳುತ್ತಿದ್ದಾರೆ.
— ಶಿರಸಿ ತಾಲ್ಲೂಕು

ನಿಮ್ಮ ಅತ್ತೆಯವರ ಅಳುವಿನಲ್ಲಿ ಪ್ರೀತಿಯಿದೆ, ಅದನ್ನು ವಾದದಿಂದ ಗೆಲ್ಲಲು ಹೋಗಬೇಡಿ. ಅವರನ್ನು ಹಸುವಿನ ಪಕ್ಕ ಕೂರಿಸಿ, ಹುಣ್ಣು ತೊಳೆಯುವಾಗ ಜೊತೆಗಿರಲಿ. ದಿನಕ್ಕೆ ನಾಲ್ಕೈದು ಸಲ ಮಗ್ಗುಲು ಬದಲಿಸಬೇಕು, ನೊಣ ಕೂರದಂತೆ ನೋಡಬೇಕು, ನೀರು ಬಾಯಿಯ ಹತ್ತಿರವೇ ಇರಬೇಕು. ಇಷ್ಟೆಲ್ಲ ಮಾಡಿಯೂ ಮೇವು ಬಿಟ್ಟು, ಹುಣ್ಣು ಎಲುಬಿಗೆ ಇಳಿದಿದ್ದರೆ, ಇನ್ನು ಉಳಿಸಿಕೊಳ್ಳುವುದು ನಮ್ಮ ಸಮಾಧಾನಕ್ಕೇ ಹೊರತು ಹಸುವಿಗಾಗಿ ಅಲ್ಲ. 1960ರ ಪ್ರಾಣಿಹಿಂಸೆ ತಡೆ ಕಾಯ್ದೆಯೂ ಬದುಕಿಸಿಡುವುದೇ ಕ್ರೌರ್ಯವಾಗುವ ಸ್ಥಿತಿಯೊಂದಿದೆ ಎಂದು ಒಪ್ಪಿದೆ. ಆ ತೀರ್ಮಾನವನ್ನು ಸರ್ಕಾರಿ ಪಶುವೈದ್ಯರೇ ಪರೀಕ್ಷಿಸಿ, ಬರಹದಲ್ಲಿ ದಾಖಲಿಸಿ ಮಾಡಬೇಕು.

ಮೊದಲು ಮಂಪರು ಬರಿಸಲು ಕೇಳಿ, ಕೊನೆಯ ಔಷಧ ಆಮೇಲೆ. ಕೆಲವು ಔಷಧಗಳು ಕಳೇಬರದಲ್ಲೇ ಉಳಿದು, ತಿಂದ ನಾಯಿ ಹದ್ದುಗಳನ್ನೂ ಕೊಲ್ಲುತ್ತವೆ. ಬಾವಿ, ಹೊಳೆಗಳಿಂದ ದೂರ, ಆಳವಾದ ಹೊಂಡವನ್ನು ಮೊದಲೇ ತೋಡಿಸಿಡಿ.